ರಾತ್ರಿ ಹೊದಿಕೆಯೊಳಗೆ ನೋಡುವ ಧಾರಾವಾಹಿ

ಪ್ರಶ್ನೆ: ಮೇಡಂ, ಮಗಳು ಎಸ್ಸೆಸ್ಸೆಲ್ಸಿ. ರಾತ್ರಿ ಹೊದಿಕೆಯೊಳಗೆ ಮೊಬೈಲ್ ಇಟ್ಟುಕೊಂಡು ‘ಥರ್ಟೀನ್ ರೀಸನ್ಸ್ ವೈ’ ನೋಡುತ್ತಾಳೆ. ಹುಡುಗಿಯೊಬ್ಬಳು ಜೀವ ಕಳೆದುಕೊಳ್ಳುವ ಕಥೆಯಂತೆ. ನೆಟ್‌ಫ್ಲಿಕ್ಸೇ ತೆಗೆಸಿಬಿಡ್ತೀನಿ ಅಂತಿದ್ದಾರೆ ನಮ್ಮ ಯಜಮಾನರು. ಏನು ಮಾಡಲಿ?
– ಒಬ್ಬ ತಾಯಿ, ರಾಜಾಜಿನಗರ

ಉತ್ತರ: ಯಜಮಾನರಿಗೆ ಸ್ವಲ್ಪ ತಡೀರಿ ಅನ್ನಿ. ಮನೆಯಲ್ಲಿ ತೆಗೆಸಿದರೆ ಟ್ಯೂಷನ್ ಗೆಳತಿಯ ಫೋನಿನಲ್ಲಿ ನೋಡುತ್ತಾಳೆ, ಅಷ್ಟೇ.

ಹಾಗಂತ ಈ ವಯಸ್ಸಿನವಳು ಒಬ್ಬಳೇ ಕೂತು ನೋಡುವಂಥದ್ದೂ ಅಲ್ಲ ಅದು. 2017ರಲ್ಲಿ ಬಂದ ಮೊದಲ ಸೀಸನ್ನಿನ ಕೊನೆಯ ಕಂತಿನಲ್ಲಿ ಆ ಸಾವನ್ನು ಬಿಡಿಸಿ ತೋರಿಸಿದ್ದರು. ವೈದ್ಯರ ಮಾತು ಕೇಳಿ 2019ರಲ್ಲಿ ಆ ದೃಶ್ಯಕ್ಕೆ ಕತ್ತರಿ ಹಾಕಿದರು. ನನ್ನ ತಕರಾರು ಬೇರೆ. ಕಥೆಯ ಹುಡುಗಿ ಹ್ಯಾನಾ ಸತ್ತ ಮೇಲೆ, ಯಾರ್‍ಯಾರಿಂದ ಏನಾಯಿತು ಅಂತ ಅವಳು ಮೊದಲೇ ಮಾತಾಡಿ ರೆಕಾರ್ಡ್ ಮಾಡಿಟ್ಟ ಕ್ಯಾಸೆಟ್‌ಗಳು ಒಬ್ಬರಿಂದ ಒಬ್ಬರಿಗೆ ಹೋಗುತ್ತವೆ, ಆಗ ಎಲ್ಲರೂ ಅವಳ ಮಾತು ಕೇಳುತ್ತಾರೆ. ಸತ್ತರೆ ಎಲ್ಲರಿಗೂ ಬುದ್ಧಿ ಬರುತ್ತೆ ಅನ್ನುವ ಭ್ರಮೆ! ಸತ್ತವಳಿಗೆ ಅದೇನೂ ಗೊತ್ತಾಗಲ್ಲ ಕಣೇ ಅಂತ ಮಗಳಿಗೆ ಬಾಯಿಬಿಟ್ಟೇ ಹೇಳಿ.

ಧಾರಾವಾಹಿಯಲ್ಲಿ ಉಳಿದದ್ದು ಸುಳ್ಳಲ್ಲ. ಒಂದು ಫೋಟೋ ಇಡೀ ಸ್ಕೂಲಿಗೆ ಹರಡುತ್ತದೆ. ಹುಡುಗಿಯರ ಮೈ ಬಗ್ಗೆ ಪಟ್ಟಿ ಓಡಾಡುತ್ತದೆ. ಬೆಂಗಳೂರಿನಲ್ಲಿ ಇದಕ್ಕೆ ಕ್ಲಾಸಿನ ವಾಟ್ಸಾಪ್ ಗ್ರೂಪ್ ಸಾಕು. ನನ್ನ ಹತ್ತಿರ ಬಂದ ಹುಡುಗಿಯೊಬ್ಬಳು ಊಟದ ಡಬ್ಬಿ ತೆರೆಯದೇ ವಾಪಸ್ ತರುತ್ತಿದ್ದಳು. ಡಯೆಟ್ ಇರಬೇಕು ಅಂದುಕೊಂಡಿದ್ದರು ಅವಳಮ್ಮ. ಗ್ರೂಪ್ ಫೋಟೋದಲ್ಲಿ ಅವಳ ತೋಳಿಗೆ ಸುತ್ತು ಹಾಕಿ ಯಾರೋ ಸ್ಟಿಕ್ಕರ್ ಮಾಡಿ ಹಂಚಿದ್ದರು. ಬೈದಾಗ ಅವಳು ಬಾಯಿ ಬಿಡಲಿಲ್ಲ. ಅಮ್ಮನ ಜೊತೆ ಕೂತು ಅವರೆಕಾಳು ಹಿಸುಕುವಾಗ ತಾನಾಗೇ ಹೇಳಿದಳು. ಕೈಗೆ ಕೆಲಸ ಇತ್ತಲ್ಲ, ಮುಖ ನೋಡಬೇಕಾಗಿರಲಿಲ್ಲ.

ನೀವೂ ಒಂದು ಕಂತು ಅವಳ ಪಕ್ಕ ಕೂತು ನೋಡಿ. ಮುಜುಗರ ಆಗುತ್ತೆ, ಆಗಲಿ. ಪಾಠ ಮಾತ್ರ ಬೇಡ. ಇದರಲ್ಲಿ ಯಾರನ್ನ ಕಂಡರೆ ಸಿಟ್ಟು ಬರುತ್ತೆ ಅಂತ ಸುಮ್ನೆ ಕೇಳಿ. ನನಗಂತೂ ಆ ಸ್ಕೂಲಿನ ಕೌನ್ಸೆಲರ್ ಮೇಲೆ. ಕೊನೆಗೆ ಹ್ಯಾನಾ ಅವನ ಹತ್ತಿರ ಹೋದರೆ, ಮರೆತು ಮುಂದೆ ಹೋಗು ಅನ್ನುವ ಥರದ ಮಾತು! ‘ಓದಿನ ಕಡೆ ಗಮನ ಕೊಡು’ ಅಂತ ನಾವೂ ಅಂತೀವಲ್ವಾ, ಅದೇ ಜಾತಿ.

ನಿದ್ದೆ, ಊಟ ಕೆಟ್ಟಿದ್ದರೆ ಇನ್ನೊಂದನ್ನೂ ಕೇಳಿ: ‘ಸಾಯಬೇಕು ಅಂತ ಯಾವತ್ತಾದರೂ ಅನ್ನಿಸಿದೆಯಾ?’ ಕೇಳಿದರೆ ಇಲ್ಲದ ಯೋಚನೆ ಹುಟ್ಟುವುದಿಲ್ಲ. ಹೌದು ಅಂದರೆ ಅವಳನ್ನು ಒಬ್ಬಳೇ ಬಿಡಬೇಡಿ, ತಕ್ಷಣ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಫೋನ್ ಮಾಡಿ. ಸರ್ಕಾರದ್ದು, ದುಡ್ಡಿಲ್ಲ, ಹಗಲು ರಾತ್ರಿ ಇರುತ್ತದೆ, ಕನ್ನಡದಲ್ಲೇ ಮಾತಾಡಬಹುದು. ನಮ್ಮ ನಿಮ್ಹಾನ್ಸೇ ಅದರ ಮುಖ್ಯ ಕೇಂದ್ರ. ಮಗಳಿಗೆ ಏನು ಹೇಳಬೇಕು ಅಂತ ತಿಳಿಯದಿದ್ದರೆ ನೀವೂ ಮಾಡಬಹುದು.