ಓದುಗರ ಪ್ರಶ್ನೆ: ವಾಲ್ಸಿಂಗಮ್ ಎಂಬುದು ಯಾರ ಹೆಸರು?

ಪ್ರಶ್ನೆ: ಇಂಗ್ಲೆಂಡಿನ ಇತಿಹಾಸವನ್ನು ಓದುವ ಹವ್ಯಾಸ ನನಗಿದೆ. ಒಂದು ಪುಸ್ತಕದಲ್ಲಿ ವಾಲ್ಸಿಂಗಮ್ ಎಂಬವನು ಒಂದನೇ ಎಲಿಜಬೆತ್ ರಾಣಿಯ ಗೂಢಚಾರರ ಮುಖ್ಯಸ್ಥನೆಂದಿದೆ. ಇನ್ನೊಂದರಲ್ಲಿ 1381ರ ರೈತರ ದಂಗೆಯ ವೃತ್ತಾಂತ ಬರೆದ ಸನ್ಯಾಸಿಗೂ ಅದೇ ಹೆಸರು. ಮೂರನೆಯದರಲ್ಲಿ ಅದು ರಾಜರು ಯಾತ್ರೆ ಹೋಗುತ್ತಿದ್ದ ಕ್ಷೇತ್ರ. ಇವೆಲ್ಲ ಒಂದೇ ಮನೆತನಕ್ಕೆ ಸೇರಿದವೇ? ಮೂರನ್ನೂ ತಿಳಿಯಬೇಕೆಂದರೆ ಓದನ್ನು ಎಲ್ಲಿಂದ ಆರಂಭಿಸಬೇಕು?

— ನಿವೃತ್ತ ಅಧ್ಯಾಪಕರು, ಶಿವಮೊಗ್ಗ

ಉತ್ತರ: ಮೂಲದಲ್ಲಿ ಇದು ಊರಿನ ಹೆಸರು. ಇಂಗ್ಲೆಂಡಿನ ಪೂರ್ವದಲ್ಲಿರುವ ನಾರ್ಫೋಕ್ ಪ್ರಾಂತ್ಯದ ಒಂದು ಹಳ್ಳಿ ಅದು. ಮಾಸ್ತಿ ಎಂದೊಡನೆ ನಮಗೆ ಊರಿಗಿಂತ ಮೊದಲು ಲೇಖಕರು ನೆನಪಾಗುವಂತೆ, ಅಲ್ಲಿಯೂ ಊರಿನ ಹೆಸರು ಜನರ ಹೆಸರಾಗಿ ನಿಂತಿತು. ವೃತ್ತಾಂತಕಾರ ಥಾಮಸ್ ವಾಲ್ಸಿಂಗಮ್ ಆ ಊರಿನಿಂದಲೇ ಬಂದವನಿರಬೇಕೆಂದು ಅವನ ಹೆಸರಿನಿಂದ ಊಹಿಸುತ್ತಾರೆ. ಅವನು ತೀರಿಕೊಂಡದ್ದು ಸುಮಾರು 1422ರಲ್ಲಿ. ರಾಣಿಯ ಕಾರ್ಯದರ್ಶಿ ಫ್ರಾನ್ಸಿಸ್ ವಾಲ್ಸಿಂಗಮ್ ಹುಟ್ಟಿದ್ದು ಸುಮಾರು 1532ರಲ್ಲಿ, ಕೆಂಟ್ ಪ್ರಾಂತ್ಯದಲ್ಲಿ ಆಸ್ತಿಯಿದ್ದ ಮನೆತನದಲ್ಲಿ. ಇಬ್ಬರಿಗೂ ರಕ್ತಸಂಬಂಧವಿತ್ತೆನ್ನಲು ಆಧಾರವಿಲ್ಲ.

ನನ್ನನ್ನು ಕೇಳಿದರೆ ಕ್ಷೇತ್ರದ ಕಥೆಯಿಂದಲೇ ಆರಂಭಿಸಿ. ಗೂಢಚಾರಿಕೆಯ ಪುಸ್ತಕಗಳು ಕೈ ಹಿಡಿದು ಎಳೆದುಕೊಂಡು ಹೋಗುತ್ತವೆ ಎಂಬುದು ನಿಜ. ಆದರೆ ಆ ಗೂಢಚಾರಿಕೆ ಯಾವ ಭಯದಿಂದ ಹುಟ್ಟಿತು ಎಂಬುದು ಕ್ಷೇತ್ರದ ಅವಸಾನವನ್ನು ಓದಿದ ಮೇಲೆಯೇ ಮನಸ್ಸಿಗೆ ನಾಟುತ್ತದೆ. ಐತಿಹ್ಯದ ಪ್ರಕಾರ 1061ರಲ್ಲಿ ರಿಚೆಲ್ಡಿಸ್ ಎಂಬ ಶ್ರೀಮಂತ ಮಹಿಳೆಗೆ ಮಾತೆ ಮೇರಿ ದರ್ಶನ ಕೊಟ್ಟು, ನಜರೇತಿನಲ್ಲಿದ್ದ ತನ್ನ ಮನೆಯಂಥದೇ ಮನೆಯೊಂದನ್ನು ಇಲ್ಲಿ ಕಟ್ಟಿಸುವಂತೆ ಹೇಳಿದಳು. ಈ ಕಥೆಯನ್ನು ನಮಗೆ ಒಪ್ಪಿಸಿದ್ದು ಹದಿನೈದನೆಯ ಶತಮಾನದ ಕೊನೆಗೆ ಅಚ್ಚಾದ ಒಂದು ಲಾವಣಿ. ವಿದ್ವಾಂಸರಲ್ಲಿ ಹಲವರು ಮನೆ ಕಟ್ಟಿದ್ದನ್ನು ಹನ್ನೆರಡನೆಯ ಶತಮಾನಕ್ಕೆ ಇಳಿಸುತ್ತಾರೆ. ಅದೇ ಶತಮಾನದ ಮಧ್ಯದಲ್ಲಿ ಅಲ್ಲಿ ಅಗಸ್ಟಿನ್ ಪಂಥದ ಮಠ ಸ್ಥಾಪನೆಯಾಯಿತು. ಮುಂದೆ ಮೂರನೇ ಹೆನ್ರಿಯಿಂದ ಎಂಟನೇ ಹೆನ್ರಿಯವರೆಗೆ ಒಬ್ಬರಾದ ಮೇಲೊಬ್ಬರು ರಾಜರು ಅಲ್ಲಿಗೆ ನಡೆದುಕೊಂಡರು. ನಾರ್ಫೋಕಿನ ಜನ ಆಕಾಶಗಂಗೆಯನ್ನೇ ‘ವಾಲ್ಸಿಂಗಮ್ಮಿಗೆ ಹೋಗುವ ದಾರಿ’ ಎಂದು ಕರೆಯುತ್ತಿದ್ದರು.

ವಿದ್ವಾಂಸ ಎರಾಸ್ಮಸ್ 1512ರಲ್ಲಿ ಅಲ್ಲಿಗೆ ಹೋಗಿ, ಮಾತೆಗೆ ಗ್ರೀಕ್ ಪದ್ಯಗಳನ್ನು ಅರ್ಪಿಸಿದ. 1526ರಲ್ಲಿ ಅವನೇ ಬರೆದ ಯಾತ್ರೆಯ ಸಂವಾದದಲ್ಲಿ ಚಿನ್ನ, ಬೆಳ್ಳಿ, ರತ್ನಗಳಿಂದ ಹೊಳೆಯುವ ಗುಡಿಯ ವರ್ಣನೆಯಿದೆ. ಗಾಜಿನಲ್ಲಿಟ್ಟು ತೋರಿಸುತ್ತಿದ್ದ ಮೇರಿಯ ಎದೆಹಾಲನ್ನು ಕುರಿತ ಸಂದೇಹವೂ ಇದೆ. ಭಕ್ತಿ ಮತ್ತು ಸಂದೇಹ ಒಂದೇ ಲೇಖನಿಯಿಂದ ಬಂದಿರುವ ಆ ಬರಹವನ್ನು ದಯವಿಟ್ಟು ತಪ್ಪಿಸಬೇಡಿ. 1511ರಲ್ಲಿ ತನಗೆ ಗಂಡುಮಗು ಹುಟ್ಟಿದಾಗ ಯಾತ್ರೆ ಹೋಗಿದ್ದ ಎಂಟನೇ ಹೆನ್ರಿಯೇ 1538ರಲ್ಲಿ ಆ ಮಠವನ್ನು ಮುಚ್ಚಿಸಿದ. ಮಾತೆಯ ವಿಗ್ರಹವನ್ನು ಲಂಡನ್ನಿಗೆ ಹೊತ್ತೊಯ್ದು ಸುಟ್ಟರು. ಅದಕ್ಕೆ ಒಂದು ವರ್ಷ ಮೊದಲು, ಮಠಗಳನ್ನು ಮುಚ್ಚುವುದರ ವಿರುದ್ಧ ಸಂಚು ಹೂಡಿದರೆಂದು ಆ ಮಠದ ಉಪಾಧ್ಯಕ್ಷನನ್ನೂ ಸುತ್ತಲಿನ ಕೆಲವರನ್ನೂ ಕೊಂದಿದ್ದರು. ಇಂದು ಅಲ್ಲಿ ಮುಖ್ಯವಾಗಿ ಉಳಿದಿರುವುದು ಹುಲ್ಲುಹಾಸಿನ ನಡುವೆ ಒಂಟಿಯಾಗಿ ನಿಂತ ಪೂರ್ವದ ಗೋಡೆಯ ಎತ್ತರದ ಕಮಾನು. ಹತ್ತೊಂಬತ್ತನೆಯ ಶತಮಾನದ ಕೊನೆಗೆ ಕ್ಯಾಥೊಲಿಕರೂ ಇಪ್ಪತ್ತನೆಯ ಶತಮಾನದಲ್ಲಿ ಆಂಗ್ಲಿಕನ್ನರೂ ಬೇರೆ ಬೇರೆಯಾಗಿ ಯಾತ್ರೆಯನ್ನು ಮತ್ತೆ ಆರಂಭಿಸಿದ್ದಾರೆ.

ಮಠ ಮುಚ್ಚಿದಾಗ ಫ್ರಾನ್ಸಿಸ್‌ಗೆ ಆರು ವರ್ಷದ ಆಸುಪಾಸು. ಅವನು ಬೆಳೆದು ಕಟ್ಟಾ ಪ್ರಾಟೆಸ್ಟೆಂಟನಾದ. 1572ರ ಆಗಸ್ಟಿನಲ್ಲಿ ಪ್ಯಾರಿಸ್ಸಿನಲ್ಲಿ ಪ್ರಾಟೆಸ್ಟೆಂಟರ ಹತ್ಯಾಕಾಂಡ ನಡೆದಾಗ ಅಲ್ಲಿಯೇ ರಾಯಭಾರಿಯಾಗಿದ್ದ. ಇಂಥದು ಲಂಡನ್ನಿನಲ್ಲಿಯೂ ನಡೆಯಬಹುದೆಂಬ ಆತಂಕ ಅವನನ್ನು ಕೊನೆಯವರೆಗೂ ಬಿಡಲಿಲ್ಲವೆಂದು ನನಗನ್ನಿಸುತ್ತದೆ. 1573ರ ಡಿಸೆಂಬರಿನಿಂದ 1590ರಲ್ಲಿ ತೀರಿಕೊಳ್ಳುವವರೆಗೆ ಅವನು ರಾಣಿಯ ಪ್ರಧಾನ ಕಾರ್ಯದರ್ಶಿ. ಇಂಗ್ಲೆಂಡಿನಲ್ಲಿ ಸೆರೆಯಲ್ಲಿದ್ದ ಸ್ಕಾಟ್ಲೆಂಡಿನ ಕ್ಯಾಥೊಲಿಕ್ ರಾಣಿ ಮೇರಿ, ಬಿಯರ್ ಪೀಪಾಯಿಗಳ ಬಿರಡೆಯಲ್ಲಿ ಬಚ್ಚಿಟ್ಟ ಪತ್ರಗಳು ತನಗೆ ಗುಟ್ಟಾಗಿ ತಲುಪುತ್ತಿವೆಯೆಂದು ನಂಬಿದ್ದಳು. ಆ ದಾರಿಯೇ ಫ್ರಾನ್ಸಿಸನ ಹಿಡಿತದಲ್ಲಿತ್ತು. ಅವನ ಕಡೆಯ ಥಾಮಸ್ ಫೆಲಿಪ್ಸ್ ಗುಪ್ತಲಿಪಿಯನ್ನು ಬಿಡಿಸಿ ಓದುತ್ತಿದ್ದ, ಇನ್ನೊಬ್ಬ ಅರಗಿನ ಮುದ್ರೆಯನ್ನು ಗುರುತು ಸಿಗದಂತೆ ತೆಗೆದು ಮತ್ತೆ ಅಂಟಿಸುತ್ತಿದ್ದ. ಎಲಿಜಬೆತ್‌ಳನ್ನು ಕೊಲ್ಲುವ ಸಂಚಿನ ನಾಯಕ ಬ್ಯಾಬಿಂಗ್ಟನ್‌ಗೆ 1586ರ ಜುಲೈನಲ್ಲಿ ಮೇರಿ ಬರೆದ ಪತ್ರಕ್ಕೆ, ಆರು ಮಂದಿ ಸಂಚುಗಾರರ ಹೆಸರು ಕೇಳುವ ಖೊಟ್ಟಿ ಸಾಲುಗಳನ್ನು ಫೆಲಿಪ್ಸ್ ಸೇರಿಸಿದ. 1587ರ ಫೆಬ್ರುವರಿ 8ರಂದು ಮೇರಿಯ ಶಿರಚ್ಛೇದನವಾಯಿತು. ಪತ್ರದ ಉಳಿದ ಭಾಗ ಅವಳದೇ ಆಗಿರುವಾಗ ಈ ಖೊಟ್ಟಿ ಸಾಲುಗಳನ್ನು ಹೇಗೆ ತೂಗಬೇಕೆಂಬ ಪ್ರಶ್ನೆಯನ್ನು ಬದಿಗೆ ತಳ್ಳಿ, ಫ್ರಾನ್ಸಿಸನ ಜಾಣ್ಮೆಯನ್ನಷ್ಟೇ ಕೊಂಡಾಡುವ ಪುಸ್ತಕಗಳನ್ನು ನಾನು ಮೆಚ್ಚಲಾರೆ. ಕಾನ್ಯರ್ಸ್ ರೀಡ್ 1925ರಲ್ಲಿ ಮೂರು ಸಂಪುಟಗಳಲ್ಲಿ ಬರೆದ ಚರಿತ್ರೆ ಹಳೆಯದಾದರೂ, ಅವನನ್ನು ಬರಿಯ ಬೇಹುಗಾರನಾಗಿ ನೋಡದೆ ರಾಜಕಾರಣಿಯಾಗಿ ನೋಡುತ್ತದೆ.

ಗ್ರಂಥಾಲಯದಲ್ಲಿ ಹುಡುಕುವಾಗ ಒಂದು ಎಚ್ಚರಿಕೆ ಬೇಕು. ನಾಟಕಕಾರ ಮಾರ್ಲೋವಿಗೆ ಆಶ್ರಯ ಕೊಟ್ಟವನ ಹೆಸರೂ ಥಾಮಸ್ ವಾಲ್ಸಿಂಗಮ್ ಎಂದೇ. ಅವನು ಫ್ರಾನ್ಸಿಸನ ಬಂಧು, ಸನ್ಯಾಸಿಯಲ್ಲ.

ಪ್ರಶ್ನೆ: ಥಾಮಸ್ ವಾಲ್ಸಿಂಗಮ್ 1381ರ ದಂಗೆಕೋರರನ್ನು ನಿಂದಿಸುತ್ತಲೇ ಬರೆಯುತ್ತಾನೆ. ಇಂಥ ಮಠದ ವೃತ್ತಾಂತಗಳನ್ನು ಎಷ್ಟರ ಮಟ್ಟಿಗೆ ನಂಬಬಹುದು?

— ಇತಿಹಾಸ ವಿದ್ಯಾರ್ಥಿನಿ, ಧಾರವಾಡ

ಉತ್ತರ: ಅವನ ಸಿಟ್ಟಿಗೆ ಕಾರಣವಿತ್ತು, ಆ ಕಾರಣವನ್ನು ಅವನೇ ಬರೆದಿಟ್ಟಿದ್ದಾನೆ ಎಂಬುದು ನಮ್ಮ ಭಾಗ್ಯ. ಅವನಿದ್ದ ಸೇಂಟ್ ಆಲ್ಬನ್ಸ್ ಮಠಕ್ಕೇ ದಂಗೆಯ ಜನ ನುಗ್ಗಿದ್ದರು. ಪಟ್ಟಣದವರು ಮಠದ ಗಿರಣಿಯಲ್ಲಿಯೇ ಹಿಟ್ಟು ಮಾಡಿಸಬೇಕೆಂದು ಹಿಂದೆ ಒಬ್ಬ ಮಠಾಧಿಪತಿ ಅವರ ಮನೆಯ ಬೀಸುಕಲ್ಲುಗಳನ್ನು ಕಿತ್ತುಕೊಂಡು ಮಠದ ನೆಲಕ್ಕೆ ಹಾಸಿಸಿದ್ದ. ಸುಮಾರು ಅರ್ಧ ಶತಮಾನದ ನಂತರ ಜನ ಆ ಕಲ್ಲುಗಳನ್ನು ಎಬ್ಬಿಸಿ, ಒಡೆದು, ಭಾನುವಾರ ಚರ್ಚಿನಲ್ಲಿ ಹಂಚುವ ಪ್ರಸಾದದ ರೊಟ್ಟಿಯಂತೆ ಚೂರುಚೂರಾಗಿ ಹಂಚಿಕೊಂಡರು. ದಂಗೆಕೋರರನ್ನು ದ್ವೇಷಿಸುವವನ ಕೈಯಿಂದಲೇ ಈ ಚಿತ್ರ ಬಂದಿದೆ. ಆದಾಮ ಅಗೆಯುವಾಗ, ಹವ್ವ ನೂಲುವಾಗ ಒಡೆಯನೆಂಬವನು ಯಾರಿದ್ದ ಎಂದು ದಂಗೆಕೋರರ ಪಾದ್ರಿ ಜಾನ್ ಬಾಲ್ ಬೋಧಿಸಿದ ಮಾತನ್ನೂ ಅವನು ದಾಖಲಿಸಿದ್ದಾನೆ. ಬೈಗುಳವನ್ನು ಅವನ ಅಭಿಪ್ರಾಯವೆಂದು ತೆಗೆದುಕೊಳ್ಳಿ, ಬೀಸುಕಲ್ಲಿನಂಥ ವಿವರಗಳನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ.

ಲ್ಯಾಟಿನ್ ಓದಲು ಬಾರದಿದ್ದರೂ ತೊಂದರೆಯಿಲ್ಲ. 1376ರಿಂದ 1422ರವರೆಗಿನ ಭಾಗದ ಇಂಗ್ಲಿಷ್ ಅನುವಾದ 2005ರಲ್ಲಿ ಪ್ರಕಟವಾಗಿದೆ. ಶಿವಮೊಗ್ಗದ ಓದುಗರಿಗೂ ಇಲ್ಲೊಂದು ಕೊಂಡಿ ಸಿಗುತ್ತದೆ: ಮಠಗಳು ಹಾಳಾದ ಮೇಲೆ ಹಸ್ತಪ್ರತಿಗಳನ್ನು ಕೂಡಿಹಾಕಿದ ಆರ್ಚ್‌ಬಿಷಪ್ ಮ್ಯಾಥ್ಯೂ ಪಾರ್ಕರ್ ಥಾಮಸನ ಇತಿಹಾಸವನ್ನು ಅಚ್ಚು ಮಾಡಿಸಿದ್ದು 1574ರಲ್ಲಿ, ಫ್ರಾನ್ಸಿಸ್ ಕಾರ್ಯದರ್ಶಿಯಾದ ಮರುವರ್ಷ. ಅನುವಾದವನ್ನು ಓದುವಾಗ ರಾಜಕುಮಾರ ಜಾನ್ ಆಫ್ ಗಾಂಟ್ ಬರುವ ಕಡೆಗಳಲ್ಲೆಲ್ಲ ಸ್ವಲ್ಪ ನಿಲ್ಲಿ. ಮೊದಲು ಅವನನ್ನು ಕಟುವಾಗಿ ದೂಷಿಸಿದ್ದ ವೃತ್ತಾಂತ, 1399ರಲ್ಲಿ ಅವನ ಮಗನೇ ನಾಲ್ಕನೇ ಹೆನ್ರಿಯಾಗಿ ಸಿಂಹಾಸನವೇರಿದ ಮೇಲೆ ಮೆತ್ತಗಾಯಿತು. ದೂಷಣೆಯಿದ್ದ ಪ್ರತಿಗಳೂ ನಾಶವಾಗದೆ ಉಳಿದುದರಿಂದ, ಎರಡು ಪಾಠಗಳನ್ನು ಪಕ್ಕಪಕ್ಕದಲ್ಲಿಟ್ಟು ಎಲ್ಲೆಲ್ಲಿ ತಿದ್ದಿದರೆಂದು ನೀವೇ ನೋಡಬಹುದು.