ಲೈಟ್‌ಮನ್ ಕೆಲಸದಿಂದ ಸಿನಿಮಾ ಛಾಯಾಗ್ರಾಹಕರಾಗಬಹುದೇ?

ಕಲಬುರಗಿಯಲ್ಲಿ ಮದುವೆ ವಿಡಿಯೊಗಳಿಗೆ ಲೈಟ್ ಹಿಡಿಯುವ ನೀವು, ಇದೇ ಕೆಲಸದಿಂದ ಸಿನಿಮಾ ಛಾಯಾಗ್ರಾಹಕರಾಗಬಹುದೇ ಎಂದು ಕೇಳಿದ್ದೀರಿ. ಖಂಡಿತ ಆಗಬಹುದು, ಆದರೆ ದಾರಿ ದೀರ್ಘವಾದದ್ದು. ಲೈಟ್‌ಮನ್‌ಗಳು ದೀಪ ನಿಲ್ಲಿಸಿ ಕೇಬಲ್ ಎಳೆಯುತ್ತಾರೆ, ಗ್ಯಾಫರ್ ಆ ತಂಡವನ್ನು ನಡೆಸುತ್ತಾರೆ, ದೃಶ್ಯಕ್ಕೆ ಎಂಥ ಬೆಳಕು ಬೇಕೆಂದು ನಿರ್ಧರಿಸುವವರು ಛಾಯಾಗ್ರಾಹಕರು. ಅಲ್ಲಿಗೆ ಏರಲು ಲೆನ್ಸ್ ಮತ್ತು ಎಕ್ಸ್‌ಪೋಷರ್ (ಕ್ಯಾಮೆರಾದೊಳಗೆ ಎಷ್ಟು ಬೆಳಕು ಬಿಡಬೇಕೆಂಬ ಲೆಕ್ಕ) ತಿಳಿದಿರಲೇಬೇಕಾದ್ದರಿಂದ, ನಡುವೆ ಕೆಲವು ವರ್ಷ ಕ್ಯಾಮೆರಾ ಸಹಾಯಕರಾಗಿ ದುಡಿಯುವುದು ಒಳ್ಳೆಯದೆಂದು ನನ್ನ ಅಭಿಪ್ರಾಯ. 1923ರಲ್ಲಿ ಮೈಸೂರಿನಲ್ಲಿ ಜನಿಸಿ, 2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಪಡೆದ ಛಾಯಾಗ್ರಾಹಕ ವಿ.ಕೆ. ಮೂರ್ತಿಯವರೂ ಮೊದಲು ಇನ್ನೊಬ್ಬ ಛಾಯಾಗ್ರಾಹಕ ಫಲಿ ಮಿಸ್ತ್ರಿಯವರ ಸಹಾಯಕರಾಗಿದ್ದರು.

ಬೆಳಕಿನ ಪಾಠವಂತೂ ನಿಮ್ಮ ಊರಿನಲ್ಲೇ ಇದೆ. ಕೋಟೆಯೊಳಗಿನ 1367ರ ಜಾಮಾ ಮಸೀದಿಗೆ ತೆರೆದ ಅಂಗಳವಿಲ್ಲ. ಪಕ್ಕದ ಕಮಾನುಗಳಿಂದ ಬರುವ ಬಿಸಿಲು ನೆಲಕ್ಕೆ ಬಡಿದು ಮೇಲೆದ್ದು, ಒಳಗಿನ ಕಂಬಗಳ ಮೇಲೆ ಮೆತ್ತಗೆ ಹರಡುತ್ತದೆ. ಸೆಟ್ಟಿನಲ್ಲಿ ಬಿಳಿ ಥರ್ಮಾಕೋಲ್ ಹಿಡಿದು ಮಾಡುವುದೂ ಇದನ್ನೇ. ಹಾಗೆಯೇ ಮಂಟಪದಲ್ಲಿ ಚಿಕ್ಕ ದೀಪವೊಂದನ್ನು ವಧುವಿನಿಂದ 5 ಅಡಿ ದೂರದಿಂದ 10 ಅಡಿಗೆ ಸರಿಸಿ ನೋಡಿ, ಮುಖದ ಮೇಲಿನ ಬೆಳಕು ಸುಮಾರು ಕಾಲು ಭಾಗಕ್ಕೆ ಇಳಿದಿರುತ್ತದೆ.

ಕ್ರಮಬದ್ಧವಾಗಿ ಓದಬೇಕೆಂದರೆ ಬೆಂಗಳೂರು ಬಳಿಯ ಹೆಸರಘಟ್ಟದ ಸರ್ಕಾರಿ ಸಂಸ್ಥೆಯಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಇದೆ.