ಅಂಗಳದಲ್ಲೇ ನಿಂತು ಬೇಡವೆಂದ ಕಾಫಿ

ಪ್ರಶ್ನೆ: ನಾನು ಹೊಸನಗರ ತಾಲ್ಲೂಕಿನ ಒಂದು ಹಳ್ಳಿಯವನು, ವಯಸ್ಸು 48. ಸ್ವಲ್ಪ ಅಡಿಕೆ ತೋಟವಿದೆ. ಹನ್ನೊಂದು ವರ್ಷಗಳಿಂದ ನಮ್ಮ ಚರ್ಚಿನ ಧರ್ಮಕೇಂದ್ರದ ಸೇವಾ ಬಳಗದ ಕಾರ್ಯದರ್ಶಿಯಾಗಿದ್ದೇನೆ. ಮಳೆಗಾಲದಲ್ಲಿ ಕೂಲಿ ನಿಂತುಹೋಗುವ ಮನೆಗಳಿಗೆ ಅಕ್ಕಿ, ಬೇಳೆ, ಎಣ್ಣೆ, ಸೋಪು ತಲುಪಿಸುವುದು ನಮ್ಮ ಮುಖ್ಯ ಕೆಲಸ. ಈ ಸಲ ಪುಷ್ಯ ಮಳೆಯ ಹೊತ್ತಿಗೆ ಗಂಡನನ್ನು ಕಳೆದುಕೊಂಡ ಒಬ್ಬ ಅಕ್ಕನ ಮನೆಗೆ ಹೋಗಿದ್ದೆವು. ಅವರು ಅಡಿಕೆ ಸುಲಿದು ಸಂಸಾರ ನಡೆಸುವವರು. ಕಾಫಿ ಕುಡಿದು ಹೋಗಿ ಎಂದರು. ಇನ್ನೂ ಐದು ಮನೆ ಉಳಿದಿದ್ದರಿಂದ ಬೇಡವೆಂದು ಅಂಗಳದಲ್ಲೇ ನಿಂತು ಚೀಲ ಕೊಟ್ಟು ಹೊರಟೆವು. ಜೊತೆಗಿದ್ದ ಯುವಕ ತೆಗೆದ ಫೋಟೋ ಅಂದು ಸಂಜೆಯೇ ವಾಟ್ಸಾಪ್ ಗುಂಪಿನಲ್ಲಿ ಬಂತು. ಹೇಗೋ ಅದು ಅವರ ಮಗಳ ಕಾಲೇಜಿನ ಹುಡುಗಿಯರ ಫೋನಿಗೂ ಹೋಯಿತು. ಮುಂದಿನ ಭಾನುವಾರ ಆ ಅಕ್ಕಿಯ ಚೀಲ ಬಿಚ್ಚದೆ ಹಾಗೆಯೇ ಚರ್ಚಿನ ಜಗಲಿಯ ಮೇಲಿತ್ತು. ಆ ಅಕ್ಕ ಅಂದಿನಿಂದ ಪೂಜೆಗೆ ಬಂದಿಲ್ಲ.

ಅದೇ ಫೋಟೋ ನೋಡಿ ಪರವೂರಿನಲ್ಲಿರುವ ನಮ್ಮವರು ಹಣ ಕಳಿಸಿದ್ದಾರೆ. ಚರ್ಚಿನ ಹಬ್ಬದ ದಿನ ನನಗೆ ಶಾಲು ಹೊದಿಸುವುದೆಂದು ಪಾಲನಾ ಸಮಿತಿ ತೀರ್ಮಾನಿಸಿದೆ. ದೀಪವನ್ನು ಕೊಳಗದ ಕೆಳಗಿಡಬಾರದೆಂದು ಆ ಯುವಕ ವಾದಿಸುತ್ತಾನೆ. ಫೋಟೋ ನೋಡಿದ ಮೊದಲ ಕ್ಷಣ ನನಗೆ ಖುಷಿಯೇ ಆಗಿತ್ತು ಎಂಬುದು ಈಗ ಚುಚ್ಚುತ್ತಿದೆ. ರಾಜೀನಾಮೆ ಪತ್ರವನ್ನು ಮೂರು ಸಲ ಬರೆದು ಹರಿದಿದ್ದೇನೆ. ಹೆಂಡತಿಗೆ ಹೇಳಿದರೆ, "ಊರಿನ ಸೇವೆ ಬಿಡೋದೋ ಇಡೋದೋ ಆಮೇಲೆ ನೋಡಿ, ಅತ್ತೆಯ ಕಾಲಿನ ಹುಣ್ಣು ದಿನಾ ತೊಳೆಯೋಳು ನಾನು" ಎಂದಳು. ನಾನು ಮಾಡಿದ್ದು ಸೇವೆಯೋ, ಅಹಂಕಾರವೋ? ಎಲ್ಲವನ್ನೂ ಬಿಟ್ಟು ಸುಮ್ಮನೆ ಕೂರುವುದೇ ವಿನಯವೇ?

ಉತ್ತರ: ಪ್ರಿಯ ಸಹೋದರರೇ,

ನಿಮ್ಮ ಪತ್ರದಲ್ಲಿ ಫೋಟೋ ಇದೆ, ಶಾಲು ಇದೆ, ಹರಿದುಹಾಕಿದ ರಾಜೀನಾಮೆ ಇದೆ. ಇವೆಲ್ಲದರ ನಡುವೆ, ಅಷ್ಟೇನೂ ಮುಖ್ಯವಲ್ಲವೆಂಬಂತೆ ನೀವು ಬರೆದು ಮುಂದೆ ಸಾಗಿದ ಒಂದು ಸಾಲಿದೆ: ಅವರು ಕಾಫಿ ಕುಡಿದು ಹೋಗಿ ಎಂದರು, ನೀವು ಬೇಡವೆಂದಿರಿ. ನಾನು ಅಲ್ಲಿಯೇ ನಿಂತುಬಿಟ್ಟೆ. ಫೋಟೋ ತೆಗೆದದ್ದು ತಪ್ಪು, ಅದರಲ್ಲಿ ಎರಡು ಮಾತಿಲ್ಲ. ಆದರೆ ಫೋಟೋಕ್ಕಿಂತ ಐದು ನಿಮಿಷ ಮೊದಲೇ ಆ ಅಂಗಳದಲ್ಲಿ ಏನೋ ಒಂದು ಮುರಿದಿತ್ತು ಎಂದು ನನಗೆ ಅನ್ನಿಸುತ್ತದೆ.

ನಮ್ಮ ಮಲೆನಾಡಿನಲ್ಲಿ ದಣಪೆ ದಾಟಿ ಬಂದವರಿಗೆ ಬೆಲ್ಲ, ನೀರು ಕೊಡದೆ ಮಾತು ಶುರುವಾಗುತ್ತಿರಲಿಲ್ಲ ಎಂಬುದು ನನಗಿಂತ ನಿಮಗೆ ಚೆನ್ನಾಗಿ ಗೊತ್ತು. ಆ ಮನೆಯಲ್ಲಿ ಅಂದು ಇದ್ದ ಸಕ್ಕರೆ ಎಷ್ಟೋ, ಹಾಲು ಇತ್ತೋ ಇಲ್ಲವೋ, ನಮಗೆ ತಿಳಿಯದು. ಅದರಲ್ಲೇ ನಾಲ್ಕು ಲೋಟ ಕಾಫಿ ಮಾಡುತ್ತೇನೆಂದು ಆ ಹೆಣ್ಣುಮಗಳು ಹೇಳಿದಾಗ ಅವರು ನಿಮ್ಮ ಸಮಕ್ಕೆ ನಿಲ್ಲಲು ಒಂದು ಜಾಗ ಕೇಳುತ್ತಿದ್ದರು. ಪಡೆಯುವವಳಾಗುವ ಮೊದಲು ಮನೆಯೊಡತಿಯಾಗಿರಲು ಬಯಸಿದ್ದರು. ಐದು ಮನೆಯ ಅವಸರದಲ್ಲಿ ನೀವು ಅದನ್ನು ಕೊಡಲಿಲ್ಲ. ಕೊಟ್ಟದ್ದು ಅಕ್ಕಿಯನ್ನು ಮಾತ್ರ. ಅವರು ಆ ಅಕ್ಕಿಯನ್ನು ಚೀಲದ ಬಾಯಿ ಕೂಡ ಬಿಚ್ಚದೆ ಹಿಂದಿರುಗಿಸಿದಾಗ ಹೇಳಿದ್ದು ಇದನ್ನೇ ಇರಬಹುದು.

ಇಷ್ಟು ಖಾರವಾಗಿ ಬರೆಯುವ ಹಕ್ಕು ನನಗೆ ಹೇಗೆ ಬಂತೆಂದರೆ, ಹಲವು ವರ್ಷಗಳ ಹಿಂದೆ ನಾನು ಆಸ್ಪತ್ರೆಯಲ್ಲಿ ಮೂರು ವಾರ ಮಲಗಿದ್ದಾಗ ಪರಿಚಯವಿಲ್ಲದ ಒಬ್ಬ ಹೆಂಗಸು ದಿನವೂ ಗಂಜಿ ತಂದುಕೊಡುತ್ತಿದ್ದರು. ಅದುವರೆಗೂ ನೂರಾರು ಜನರಿಗೆ ಊಟ ಬಡಿಸಿದ್ದ ನಾನು ಮೊದಲ ನಾಲ್ಕು ದಿನ ಆ ತಟ್ಟೆಯ ಮುಂದೆ ತಲೆಯೆತ್ತಲಾರದೆ ಹೋದೆ. ಐದನೆಯ ದಿನ ಅವರು ತಮ್ಮ ಮಗನ ಪರೀಕ್ಷೆಯ ಅರ್ಜಿ ತುಂಬಿಕೊಡುತ್ತೀರಾ ಎಂದು ಕೇಳಿದರು. ಅಂದು ಗಂಜಿ ಗಂಟಲಲ್ಲಿ ಇಳಿಯಿತು.

ನಾವು ಕ್ರೈಸ್ತರು ಯೇಸುಸ್ವಾಮಿಯನ್ನು ಕೊಡುವವರೆಂದೇ ನೆನೆಯುತ್ತೇವೆ. ಅವರು ಎಷ್ಟೆಲ್ಲ ಪಡೆದರೆಂಬುದನ್ನು ಮರೆತುಬಿಡುತ್ತೇವೆ. ಸಮಾರ್ಯದ ಹೆಂಗಸಿನೊಡನೆ ಬಾವಿಯ ಬಳಿ ಅವರು ಆಡಿದ ಮೊದಲ ಮಾತು ಉಪದೇಶವಲ್ಲ, ಕುಡಿಯಲು ನೀರು ಬೇಕೆಂಬ ಕೋರಿಕೆ. ಜೀವಜಲದ ಮಾತು ಬಂದದ್ದು ಆಮೇಲೆ. ಜಕ್ಕಾಯನಿಗೆ ಅವರು ಮೊದಲು ಹೇಳಿದ್ದು ಇಂದು ನಿನ್ನ ಮನೆಯಲ್ಲಿ ಉಳಿದುಕೊಳ್ಳಬೇಕು ಎಂದು. ಮಗ್ದಲದ ಮರಿಯಳು, ಯೋವಾನ್ನಳು, ಸುಸನ್ನಳು ಮೊದಲಾದ ಹೆಂಗಸರು ತಮ್ಮ ಸ್ವತ್ತಿನಿಂದ ಯೇಸುವಿಗೂ ಶಿಷ್ಯರಿಗೂ ಉಪಚರಿಸುತ್ತಿದ್ದರೆಂದು ಲೂಕರ ಶುಭಸಂದೇಶ ಹೇಳುತ್ತದೆ. ಜೆರುಸಲೇಮಿಗೆ ಹೋದದ್ದು ಬೇರೆಯವರ ಕತ್ತೆಮರಿಯ ಮೇಲೆ, ಕಡೆಯ ಭೋಜನ ಬೇರೆಯವರ ಮಾಳಿಗೆಯಲ್ಲಿ, ಹೂಳಿದ್ದು ಬೇರೆಯವರ ಸಮಾಧಿಯಲ್ಲಿ. ತಮ್ಮ ಶಿಷ್ಯರನ್ನು ಹಳ್ಳಿಗಳಿಗೆ ಕಳಿಸುವಾಗಲೂ ಅವರು ಹೊರಿಸಿದ್ದು ದಿನಸಿಯ ಮೂಟೆಯಲ್ಲ. ಹಣದ ಚೀಲ, ಜೋಳಿಗೆ, ಕೆರ ಒಂದೂ ಬೇಡ, ಹೋದ ಮನೆಯಲ್ಲಿ ಕೊಟ್ಟದ್ದನ್ನು ಉಣ್ಣಿರಿ ಎಂದರು. ಆ ಶಿಷ್ಯರ ಜಾಗದಲ್ಲಿ ನಿಮ್ಮನ್ನು ಇಟ್ಟು ನೋಡಿಕೊಳ್ಳಿ. ಪವಿತ್ರ ಗುರುವಾರ ಪಾದ ತೊಳೆಯುವ ವಿಧಿಯಲ್ಲಿ ನಾವೆಲ್ಲ ಗುರುಗಳ ಕೈಯನ್ನು ನೋಡುತ್ತೇವೆ, ಅಲ್ಲಿ ಕುಳಿತ ಹನ್ನೆರಡು ಜನರ ಮುಖವನ್ನು ನೋಡುವುದಿಲ್ಲ. ಅಲ್ಲಿ ನಿಜವಾಗಿ ಮುಜುಗರಪಡುವವರು ಅವರೇ. ಯೇಸುಸ್ವಾಮಿ ಶಿಷ್ಯರ ಕಾಲು ತೊಳೆಯಲು ಬಂದ ಆ ರಾತ್ರಿ ಶಿಷ್ಯ ಪೇತ್ರನೂ ಒಡೆಯನ ಕಾಲನ್ನು ತಾನು ತೊಳೆಯುತ್ತೇನೆಂದು ಹಟ ಹಿಡಿಯಲಿಲ್ಲ. ತನ್ನ ಕಾಲನ್ನು ಮುಟ್ಟಗೊಡಲು ಒಪ್ಪಲಿಲ್ಲ, ಅಷ್ಟೆ. ಒಪ್ಪದಿದ್ದರೆ ನನ್ನೊಡನೆ ನಿನಗೆ ಪಾಲಿಲ್ಲ ಎಂಬ ಉತ್ತರ ಬಂತು.

ಹಾಗಾಗಿ ನೀವು ಮಾಡಿದ್ದು ಸೇವೆಯೋ ಅಹಂಕಾರವೋ ಎಂಬ ನಿಮ್ಮ ಪ್ರಶ್ನೆಯನ್ನು ನಾನು ಹಾಗೆಯೇ ಎತ್ತಿಕೊಳ್ಳುವುದಿಲ್ಲ. ಎರಡೂ ಇದ್ದವು. ಹನ್ನೊಂದು ಮಳೆಗಾಲ ಕೊಡೆ ಹಿಡಿದು ಗುಡ್ಡ ಹತ್ತಿದವನ ಕೆಲಸವನ್ನು, ಫೋಟೋ ನೋಡಿ ಒಂದು ಗಳಿಗೆ ಹಿಗ್ಗಿದನೆಂಬ ಕಾರಣಕ್ಕೆ, ಬೂಟಾಟಿಕೆ ಎನ್ನುವುದು ಅನ್ಯಾಯ. ನೀವು ತೋಟದವರು. ಕೊಳೆರೋಗ ಬಂತೆಂದು ಯಾರೂ ಅಡಿಕೆ ಮರ ಕಡಿಯುವುದಿಲ್ಲ. ಹಾಗೆಯೇ ಮಳೆಗೆ ಮೊದಲು ಒಮ್ಮೆ ಬೋರ್ಡೋ ದ್ರಾವಣ ಹೊಡೆದ ಮೇಲೆ ಇನ್ನು ನಿಶ್ಚಿಂತೆ ಎಂದು ಯಾರೂ ಕೂರುವುದೂ ಇಲ್ಲ, ನಲವತ್ತು ನಲವತ್ತೈದು ದಿನಕ್ಕೆ ಕೊನೆಗೌಡ ಮತ್ತೆ ಮರ ಹತ್ತಲೇಬೇಕು. ನಿಮ್ಮ ರಾಜೀನಾಮೆ ಮರ ಕಡಿಯುವ ಕೆಲಸ. ಒಂದು ಮಾತು ಕೇಳುತ್ತೇನೆ, ಬೇಸರಿಸಬೇಡಿ: ಹರಿದುಹಾಕಿದ ಆ ಮೂರು ಪತ್ರಗಳಲ್ಲಿ ನಿಮ್ಮ ಮನಸ್ಸಾಕ್ಷಿಯ ಬಗ್ಗೆ ಎಷ್ಟು ಸಾಲುಗಳಿದ್ದವು, ಆ ಅಕ್ಕನ ಬಗ್ಗೆ ಎಷ್ಟು?

ಆರನೆಯ ಶತಮಾನದಲ್ಲಿ ಸಂತ ಬೆನೆಡಿಕ್ಟರು ತಮ್ಮ ಮಠವಾಸಿಗಳಿಗೆ ಬರೆದ ನಿಯಮದಲ್ಲಿ ನಿಮ್ಮಂಥವರಿಗೆ ಸರಿಯಾಗಿ ಒದಗುವ ಒಂದು ಅಧ್ಯಾಯವಿದೆ. ಮಠದ ಕುಶಲಕರ್ಮಿಯೊಬ್ಬ ತನ್ನಿಂದಲೇ ಮಠಕ್ಕೆ ಲಾಭವೆಂದು ಬೀಗತೊಡಗಿದರೆ ಅವನನ್ನು ಆ ಕೆಲಸದಿಂದ ಬಿಡಿಸಬೇಕು, ಅವನು ತಗ್ಗಿದ ಮೇಲೆ ಮಠಾಧಿಪತಿ ಹೇಳಿದರೆ ಮಾತ್ರ ಮರಳಿ ಕೈಹಚ್ಚಬೇಕು ಎಂದು ಅದು ಹೇಳುತ್ತದೆ. ಗಮನಿಸಿ, ಅಲ್ಲಿ ಬಿಡಿಸುವವನೂ ಮರಳಿ ಕರೆಯುವವನೂ ಮಠಾಧಿಪತಿ. ಕುಶಲಕರ್ಮಿ ತಾನೇ ಪತ್ರ ಬರೆದು ಹೊರಡುವುದಿಲ್ಲ. ಆದ್ದರಿಂದ ನಿಮ್ಮ ಗುರುಗಳ ಬಳಿ ಹೋಗಿ, ಮೊದಲ ಕ್ಷಣದ ಆ ಖುಷಿಯನ್ನೂ ಮುಚ್ಚಿಡದೆ, ನಡೆದದ್ದನ್ನು ನಡೆದಂತೆ ಹೇಳಿ. ಮುಂದುವರಿಯಿರಿ ಎಂದರೆ ಮುಂದುವರಿಯಿರಿ. ಒಂದು ವರ್ಷ ಬೇರೆಯವರಿಗೆ ಬಿಟ್ಟುಕೊಡಿ ಎಂದರೆ ಲೆಕ್ಕದ ಪುಸ್ತಕ ಕೊಟ್ಟು ಹಿಂದಿನ ಸಾಲಿನಲ್ಲಿ ಕುಳಿತುಕೊಳ್ಳಿ. ಶಾಲಿನ ವಿಷಯವನ್ನೂ ಅಲ್ಲಿಯೇ, ಹಬ್ಬಕ್ಕೆ ಬಹಳ ಮೊದಲೇ ಮುಗಿಸಿ. ವೇದಿಕೆಯ ಮೇಲೆ ನಿಂತು ನನಗೆ ಬೇಡವೆಂದು ಕೈಮುಗಿಯುವುದು ಶಾಲಿಗಿಂತ ದೊಡ್ಡ ಸನ್ಮಾನವನ್ನು ಗಿಟ್ಟಿಸಿಕೊಳ್ಳುವ ದಾರಿ. ಅದನ್ನು ಮಾತ್ರ ಮಾಡಬೇಡಿ. ಅದೇ ನಿಯಮದಲ್ಲಿ ಅಡುಗೆಮನೆಯ ಸರದಿ ವಾರಕ್ಕೊಬ್ಬರಂತೆ ಎಲ್ಲರಿಗೂ ಬರುತ್ತದೆ. ಹಬ್ಬದ ಊಟವಾದ ಮೇಲೆ ಹಂಡೆ, ಕೊಳದಪ್ಪಲೆ ತಿಕ್ಕುವವರು ಯಾರೆಂದು ಒಮ್ಮೆ ನೋಡಿಕೊಳ್ಳಿ.

ಯುವಕನ ಮೇಲೆ ಸಿಟ್ಟಾಗಬೇಡಿ, ಆದರೆ ಅವನ ವಾದವನ್ನು ಒಪ್ಪಲೂ ಬೇಡಿ. ದೀಪಸ್ತಂಭದ ಮೇಲಿನ ದೀಪ ಮನೆಯವರಿಗೆಲ್ಲ ಬೆಳಕು ಕೊಡುವುದಕ್ಕೆ ಎಂದು ಮತ್ತಾಯನ ಶುಭಸಂದೇಶದ ಐದನೆಯ ಅಧ್ಯಾಯ ಹೇಳುತ್ತದೆ, ಜನ ಕೊಂಡಾಡಬೇಕಾದದ್ದು ಪರಲೋಕದ ತಂದೆಯನ್ನು ಎಂದೂ ಹೇಳುತ್ತದೆ. ಮುಂದಿನ ಅಧ್ಯಾಯದಲ್ಲೇ ಬಲಗೈ ಕೊಟ್ಟದ್ದು ಎಡಗೈಗೆ ತಿಳಿಯಬಾರದೆಂಬ ಮಾತಿದೆ. ನಿಮ್ಮ ಫೋಟೋದಲ್ಲಿ ಬೆಳಕು ಬಿದ್ದದ್ದು ಒಬ್ಬ ತಾಯಿಯ ಬಡತನದ ಮೇಲೆ. ಹಣ ಕಳಿಸಿದವರಿಗೆ ಲೆಕ್ಕ ಬೇಕು, ಅದು ನ್ಯಾಯವೇ. ಎಷ್ಟು ಮನೆ, ಎಷ್ಟು ಕಿಲೋ ಅಕ್ಕಿ, ಅಂಗಡಿಯ ಬಿಲ್ಲು, ಬೇಕಿದ್ದರೆ ಚರ್ಚಿನ ಕೋಣೆಯಲ್ಲಿ ಜೋಡಿಸಿಟ್ಟ ಚೀಲಗಳ ಚಿತ್ರ, ಇಷ್ಟು ಸಾಕು. 1833ರಲ್ಲಿ ಪ್ಯಾರಿಸ್ಸಿನಲ್ಲಿ ಫ್ರೆಡರಿಕ್ ಒಝನಾಮ್ ಎಂಬ ಇಪ್ಪತ್ತರ ವಿದ್ಯಾರ್ಥಿ ಗೆಳೆಯರೊಡನೆ ಆರಂಭಿಸಿದ ಸಂತ ವಿನ್ಸೆಂಟ್ ಡಿ ಪಾಲ್ ಸಭೆಯಲ್ಲಿ ಸದಸ್ಯರ ಕಾಣಿಕೆಯನ್ನು ಗುಟ್ಟಾಗಿಯೇ ಎತ್ತುತ್ತಾರೆ; ಚೀಲದೊಳಗೆ ಯಾರ ಕೈ ಎಷ್ಟು ಹಾಕಿತೆಂದು ಪಕ್ಕದವರಿಗೆ ತಿಳಿಯುವುದಿಲ್ಲ. ಬಡವರ ಮನೆಗೆ ತಾವೇ ಹೋಗಿ ಕುಳಿತು ಮಾತನಾಡಿಸುವುದು ಅವರ ಮೂಲ ಕೆಲಸ. ಕುಳಿತು ಎಂಬ ಮಾತಿಗೆ ನಾನೇ ಅಡಿಗೆರೆ ಎಳೆಯುತ್ತಿದ್ದೇನೆ.

ನಿಮ್ಮ ಪತ್ನಿಯ ಮಾತಿಗೆ ಸೇರಿಸಲು ನನ್ನಲ್ಲಿ ಏನೂ ಇಲ್ಲ. ಇವತ್ತು ಸಂಜೆಯಿಂದ ತಾಯಿಯ ಕಾಲನ್ನು ವಾರದಲ್ಲಿ ಕೆಲವು ದಿನವಾದರೂ ನೀವು ತೊಳೆಯಿರಿ, ಹೇಗೆಂದು ಪತ್ನಿಯಿಂದಲೇ ಕೇಳಿ ಕಲಿಯಿರಿ.

ಇನ್ನು ಆ ಮನೆಯ ವಿಷಯ. ಸೆಪ್ಟೆಂಬರ್ 8, ಕನ್ಯಾಮರಿಯಮ್ಮನವರ ಜನ್ಮದಿನ, ಹತ್ತಿರದಲ್ಲಿದೆ. ಅಂದು ಹೊಸ ತೆನೆಯನ್ನು ಆಶೀರ್ವದಿಸಿ ಹಂಚುವ ಚರ್ಚುಗಳಲ್ಲಿ ನನಗೆ ಬಹಳ ಹಿಡಿಸುವ ಸಂಗತಿಯೆಂದರೆ, ತೋಟದ ಯಜಮಾನನಿಗೂ ತೋಟದ ಆಳಿಗೂ ಸಿಗುವುದು ಅದೇ ತೆನೆ, ಇಬ್ಬರೂ ಬರಿಗೈ ಚಾಚಿಯೇ ಪಡೆಯಬೇಕು. ಪರಮಪ್ರಸಾದದ ಸಾಲಿನಲ್ಲಿಯೂ ಹಾಗೆಯೇ. ಆ ಸಾಲಿನಲ್ಲಿ ನೀವು ಕಾರ್ಯದರ್ಶಿಯಲ್ಲ, ಅವರು ಫಲಾನುಭವಿಯಲ್ಲ. ಆದರೆ ಆ ದಿನದವರೆಗೆ ಕಾಯಬೇಡಿ, ತೆನೆಯನ್ನು ನೆಪ ಮಾಡಿಕೊಂಡು ಹೋಗಲೂ ಬೇಡಿ. ಮೊದಲು ಆ ಚಿತ್ರವನ್ನು ಗುಂಪಿನಿಂದ ತೆಗೆಸಿ, ಹಂಚಿಕೊಂಡವರಿಗೂ ಅಳಿಸಲು ಹೇಳಿ. ಎಲ್ಲ ಫೋನುಗಳಿಂದಲೂ ಅದು ಹೋಗುವುದಿಲ್ಲವೆಂಬುದನ್ನು ಅವರಿಂದ ಮರೆಮಾಚಬೇಡಿ. ನಂತರ ಒಂದು ಮಧ್ಯಾಹ್ನ, ಸಾಧ್ಯವಾದರೆ ಪತ್ನಿಯೊಡನೆ, ಚೀಲವಿಲ್ಲದೆ, ಹಣ್ಣಿಲ್ಲದೆ, ಬರಿಗೈಯಲ್ಲಿ ಹೋಗಿ. ಫೋನನ್ನು ಮನೆಯಲ್ಲೇ ಬಿಡಿ. ತಪ್ಪಾಯಿತು ಅಕ್ಕಾ ಎನ್ನಿ. ಹುಡುಗ ತಿಳಿಯದೆ ಮಾಡಿದ, ನಮ್ಮ ಉದ್ದೇಶ ಒಳ್ಳೆಯದಿತ್ತು ಎಂಬ ವಿವರಣೆ ಬೇಡ. ಮಗಳು ಮನೆಯಲ್ಲಿದ್ದರೆ ಅವಳಿಗೂ ಬೇರೆಯಾಗಿ, ಅವಳ ಮುಖ ನೋಡಿ, ಅದೇ ಮಾತನ್ನು ಹೇಳಿ; ಕಾಲೇಜಿನಲ್ಲಿ ಅನುಭವಿಸಿದವಳು ಅವಳು.

ಅವರನ್ನು ಚರ್ಚಿಗೆ ಮರಳಿ ಕರೆತರಬೇಕೆಂಬ ಗುರಿಯಿಟ್ಟುಕೊಂಡು ಹೋಗಬೇಡಿ. ಅದೂ ಒಂದು ಕೊಡುಗೈಯೇ, ಅವರಿಗೆ ಅದರ ವಾಸನೆ ಬಾಗಿಲಲ್ಲೇ ಹತ್ತುತ್ತದೆ. ಅವರು ಬಾಗಿಲು ತೆರೆಯದಿರಬಹುದು, ನಾಲ್ಕು ಮಾತು ಬಿರುಸಾಗಿ ಆಡಬಹುದು. ಕೇಳಿಸಿಕೊಂಡು ಬನ್ನಿ, ಅದನ್ನು ಬಳಗದಲ್ಲಿ ಹೇಳಿಕೊಳ್ಳಬೇಡಿ. ಸುಲಿಯುವ ಕಾಲ ಬಂದಾಗ ನಿಮ್ಮ ಅಡಿಕೆಗೂ ಕೈ ಬೇಕಾಗುತ್ತದೆ. ಆಗ ಎಲ್ಲರಂತೆ ಅವರನ್ನೂ ಕೆಲಸಕ್ಕೆ ಕೇಳಿ, ಎಲ್ಲರಿಗೂ ಕೊಡುವ ಕೂಲಿಯನ್ನೇ ಕೊಡಿ, ಕನಿಕರಕ್ಕೆಂದು ಒಂದು ರೂಪಾಯಿಯನ್ನೂ ಹೆಚ್ಚು ಸೇರಿಸಬೇಡಿ.

ಒಂದು ವೇಳೆ ಅವರು ಒಳಗೆ ಕರೆದು ಕೂರಿಸಿದರೆ, ಈ ಸಲ ಯಾವ ಮನೆಯೂ ಬಾಕಿಯಿರದಂತೆ ನೋಡಿಕೊಂಡೇ ಹೋಗಿರಿ. ಒಲೆ ಹೊತ್ತಿಸಲು, ನೀರು ಕಾಯಲು ಹಿಡಿಯುವಷ್ಟು ಹೊತ್ತು ಸುಮ್ಮನೆ ಕುಳಿತಿರಿ. ಈಗಷ್ಟೇ ಆಯಿತು, ಅರ್ಧ ಲೋಟ ಸಾಕು ಎಂದೆಲ್ಲ ಅನ್ನಬೇಡಿ. ಇನ್ನೂ ಸ್ವಲ್ಪ ಹಾಕಲಾ ಎಂದು ಕೇಳಿದರೆ, ಹಾಕಿ ಎನ್ನಿ.